ಹನ್ನೊಂದು ಸೆಕೆಂಡುಗಳ ತುಟಿಚಲನೆಗೆ ಘಟನೋತ್ತರ ಅನುಮೋದನೆ ಕೋರಿ

ಇಂದ:

ಹೆಸರು ಬರೆದರೆ ತಪ್ಪು ಒಪ್ಪಿಕೊಂಡ ಹಾಗಾಗುತ್ತದೆಯೋ? ಬರೆಯದೆ ಬಿಟ್ಟರೆ ಇದು ಅರ್ಜಿಯೇ ಆಗದೆ ಬರೀ ಕಾಗದವಾಗಿ ಉಳಿಯುತ್ತದೆಯೋ? ಒಂದು ಚೌಕ ಖಾಲಿ ಬಿಟ್ಟದ್ದರಿಂದಲೇ ಇಷ್ಟೆಲ್ಲ ಆಗಿರುವಾಗ ಇನ್ನೊಂದನ್ನು ಖಾಲಿ ಬಿಡುವುದು ನ್ಯಾಯವೋ? ಈ ಮೂರು ಪ್ರಶ್ನೆಗಳನ್ನು ಮುಂದಿಟ್ಟುಕೊಂಡು ಅರ್ಜಿದಾರ ಮಂಗಳವಾರ ಮಧ್ಯಾಹ್ನವೆಲ್ಲ ಕುಳಿತಿದ್ದು, ಬುಧವಾರ ಬೆಳಗ್ಗೆ ಹತ್ತೂವರೆಗೆ, ಸದ್ಯಕ್ಕೆ ಪೆನ್ಸಿಲಿನಲ್ಲಿ ಬರೆಯಬಹುದು ಎಂಬ ತೀರ್ಮಾನಕ್ಕೆ ಬಂದಿರುತ್ತಾನೆ.

ಅನಿಕೇತ ಬಿನ್ ಸಿದ್ರಾಮಪ್ಪ (ಪೆನ್ಸಿಲಿನಲ್ಲಿ)
ಕಿರಿಯ ವಿವರಣಕಾರ, ಪೂರ್ವದಂಡೆ ಚಲನಚಿತ್ರ ಭಂಡಾರ,
ಟೈರ್ ಅಂಗಡಿಯ ಹಿಂಭಾಗ, ಯೂನಿಯನ್ ಸಿಟಿ.
ವಾಸ: ದೊಡ್ಡವ್ವ ನಾಗವ್ವನವರ ಮನೆ, ಬೆರ್ರಿಯೆಸಾ.

ಗೆ:

ಮಾನ್ಯ ತರಬೇತುದಾರರು
(ಹೆಸರು ತಿಳಿದಿಲ್ಲ; ಬಿಳಿ ಟೋಪಿ, ಪಟ್ಟೆ ಟೈ, ಎದೆಯ ಮೇಲೆ ಸೀಟಿ)
ರೀಲು ಸಂಖ್ಯೆ ನಾಲ್ಕು, ತಗಡಿನ ಡಬ್ಬಿ, ಏಳನೆಯ ಕಪಾಟು, ಕೆಳಗಿನ ಹಲಗೆ.

ವಿಷಯ: ತಾವು ಸುಮಾರು 1931ರಲ್ಲಿ ಆಡಿದ, ಯಾರಿಗೂ ಕೇಳಿಸದ ಮಾತಿನ ಜಾಗದಲ್ಲಿ ಅರ್ಜಿದಾರ ತನ್ನ ಮಾತನ್ನು ಕೂರಿಸಿದ್ದು, ಸದರಿ ಮಾತು ತಮ್ಮದೇ ಎಂದು ಘಟನೋತ್ತರ ಅನುಮೋದನೆ ನೀಡುವ ಬಗ್ಗೆ.

ಉಲ್ಲೇಖ:
1. ತಮ್ಮ ತುಟಿಗಳು, ಫ್ರೇಮು 2208ರಿಂದ 2383ರವರೆಗೆ.
2. ಉಪ್ಪಿನ ಕೊಳಗಳ ಪಕ್ಕದ ಹೈಸ್ಕೂಲಿನಿಂದ ಭಂಡಾರಕ್ಕೆ ಬಂದ ಪತ್ರ.
3. ಕಾರ್ಡು ಪರಿಶೀಲನಾ ನಮೂನೆ. ಅದರಲ್ಲಿ ‘ಪರಿಶೀಲಿಸಿದವರು’ ಚೌಕ ಭರ್ತಿಯಾಗಿದೆ, ‘ತಯಾರಿಸಿದವರು’ ಚೌಕ ಖಾಲಿ.
4. ರೈಲಿನಲ್ಲಿ ಶ್ರೀಮತಿ ಸೌದಾಮಿನಿಯವರು ಕೇಳಿದ ಪ್ರಶ್ನೆ (ಮೌಖಿಕ).

ಮಾತು ಕೇಳಿಸದ ಮಾನ್ಯರೇ,

ಮೇಲ್ಕಂಡ ವಿಷಯಕ್ಕೆ ಸಂಬಂಧಿಸಿದಂತೆ ಅರ್ಜಿದಾರ ತಮ್ಮ ಗಮನಕ್ಕೆ ತರಬಯಸುವುದು ಏನೆಂದರೆ:

1. ಅರ್ಜಿದಾರ ಗದಗಿನವನು. ಓದಿರುವುದು ಹಳೆಯ ಚಲನಚಿತ್ರಗಳ ಸಂರಕ್ಷಣೆ. ಈ ಪದವಿ ಪಡೆದವನು ಏನು ಕೆಲಸ ಮಾಡುತ್ತಾನೆಂದು ಬೆರ್ರಿಯೆಸಾದಲ್ಲಿ ದೊಡ್ಡವ್ವ ನಾಗವ್ವನವರಿಗೆ ಒಂದೂವರೆ ವರ್ಷದಿಂದ ತಿಳಿಸಿ ಹೇಳಲಾಗುತ್ತಿದ್ದು, ಅವರಿಗೆ ಇನ್ನೂ ಸಮಾಧಾನವಾಗಿಲ್ಲ. ಹಳೆಯ ಫಿಲ್ಮು ಕೆಡತೊಡಗಿದರೆ ವಿನೆಗರ್ ವಾಸನೆ ಹೊಡೆಯುತ್ತದೆ ಎಂಬುದು ತಮಗೆ ಡಬ್ಬಿಯೊಳಗಿನ ಅನುಭವದಿಂದಲೇ ಗೊತ್ತಿರಬಹುದು. ಆ ವಾಸನೆ ಅರ್ಜಿದಾರನ ಅಂಗಿಗೂ ಹತ್ತಿರುತ್ತದೆ. ದಿನವೂ ಬಾಗಿಲಲ್ಲೇ ವಿಚಾರಣೆ.

“ಖರೇ ಹೇಳ ತಮ್ಮಾ, ನೀ ಉಪ್ಪಿನಕಾಯಿ ಫ್ಯಾಕ್ಟರಿಗೆ ಹೊಕ್ಕೀಯೇನು?”

“ಸಿನಿಮಾ ದೊಡ್ಡವ್ವಾ, ಹಳೇ ಸಿನಿಮಾ.”

“ಯಾವ ಸಿನಿಮಾಕ್ಕ ಹಿಂಗ ಹುಳಿ ವಾಸನಿ ಬರತೈತಿ?”

2. ಅರ್ಜಿದಾರ ಸ್ವಭಾವತಃ ಮಾತು ಕಡಿಮೆಯವನು. ಕಾರಣ, ಶಾಲೆಯಲ್ಲಿ ಐದು ವರ್ಷ ಕಬಡ್ಡಿ ಆಡಿದ್ದು, ಐದೂ ವರ್ಷ ಎಡ ಮೂಲೆಯಲ್ಲಿ ಹಿಡಿಯುವವನಾಗಿಯೇ ನಿಂತಿದ್ದಾನೆ. ತಾವು ಈ ಆಟ ನೋಡಿರಲಾರಿರಿ. ಎದುರಾಳಿ ಒಬ್ಬ, ಒಂದೇ ಉಸಿರಿನಲ್ಲಿ ‘ಕಬಡ್ಡಿ ಕಬಡ್ಡಿ’ ಎನ್ನುತ್ತ ನಮ್ಮ ಅಂಕಣಕ್ಕೆ ಬರುತ್ತಾನೆ. ಉಸಿರು ಮುರಿಯುವ ಮೊದಲು ಯಾರನ್ನಾದರೂ ಮುಟ್ಟಿ ವಾಪಸ್ ಗೆರೆ ದಾಟಬೇಕು. ಮಾತು ನಿಂತರೆ ಅವನು ಔಟು. ಹಿಡಿಯುವವರಿಗೆ ಮಾತಿನ ಕೆಲಸವೇ ಇಲ್ಲ. ಕಾಲು ಹಿಡಿದುಕೊಂಡು, ಬಾಯಿ ಮುಚ್ಚಿಕೊಂಡು, ಅವನ ಉಸಿರು ಮುಗಿಯುವುದನ್ನು ಕಾಯುವುದಷ್ಟೇ. ಅರ್ಜಿದಾರ ಈ ಒಂದು ವಿದ್ಯೆಯಲ್ಲಿ ತಾಲ್ಲೂಕು ಮಟ್ಟದ ಪ್ರಮಾಣಪತ್ರ ಪಡೆದವನಾಗಿದ್ದಾನೆ. ಜೀವನದಲ್ಲಿ ಬೇರೆ ವಿದ್ಯೆ ಕಲಿಯುವ ಅಗತ್ಯ ಅವನಿಗೆ ಮೊನ್ನೆ ಸೋಮವಾರದವರೆಗೂ ಕಂಡುಬಂದಿರಲಿಲ್ಲ.

3. ಆದ್ದರಿಂದ ಕಳೆದ ವರ್ಷ ತಮ್ಮ ಐದು ರೀಲುಗಳು ಭಂಡಾರಕ್ಕೆ ಬಂದಾಗ ಅರ್ಜಿದಾರನಿಗೆ ಬಹಳ ಸಂತೋಷವಾಯಿತು. ಅಮೆರಿಕದ ಫುಟ್‌ಬಾಲಿನಲ್ಲಿ, ಚೆಂಡು ಹಿಡಿದು ಓಡಿ ಬರುವವನನ್ನು ತಡೆಯುವುದು ಹೇಗೆ ಎಂದು ಕಲಿಸುವ ಮೂಕಿ ಚಿತ್ರಗಳು. ಚರ್ಮದ ಟೋಪಿ ಹಾಕಿದ ಹುಡುಗರು, ಹಿಂದೆ ಉಪ್ಪಿನ ಕೊಳಗಳ ಬಿಳಿ ದಿಬ್ಬ, ನಡುವೆ ತಾವು. ಮಾತಿನ ಬದಲು ಕಪ್ಪು ಹಲಗೆಯ ಮೇಲೆ ಬಿಳಿ ಅಕ್ಷರದ ಕಾರ್ಡುಗಳು. ಮೊದಲ ರೀಲಿನ ಕಾರ್ಡು, ‘ಓಡುವುದಕ್ಕೆ ಮೊದಲು ನಿಲ್ಲುವುದನ್ನು ಕಲಿಯಿರಿ.’ ಎರಡನೆಯದರಲ್ಲಿ ಕೈಗಳ ಬಳಕೆ: ಅಡ್ಡ ಬರುವವನ ಹೆಗಲಿಗೆ ಅಂಗೈ ಕೊಟ್ಟು ಅವನನ್ನು ದೂರ ಇಡುವುದು. ಮೂರನೆಯದರ ಕಾರ್ಡನ್ನು ಅರ್ಜಿದಾರ ತನ್ನ ಮೇಜಿನ ಮೇಲೆ ಅಂಟಿಸಿಕೊಂಡಿದ್ದಾನೆ: ‘ಓಡುವವನ ಮುಖ ನೋಡಬೇಡಿ. ಮುಖ ಮೋಸ ಮಾಡುತ್ತದೆ. ಸೊಂಟ ನೋಡಿ.’ ಐದನೆಯ ರೀಲಿನಲ್ಲಿ ಎಲ್ಲರೂ ಬಿದ್ದು ಎದ್ದು ನಗುತ್ತಾರೆ, ಒಂದು ನಾಯಿ ಬರುತ್ತದೆ.

ತೊಂದರೆ ಇರುವುದು ನಾಲ್ಕರಲ್ಲಿ.

4. ನಾಲ್ಕನೆಯ ರೀಲಿನಲ್ಲಿ ತಾವು ಹುಡುಗರನ್ನೆಲ್ಲ ಹಿಂದೆ ಸರಿಸಿ, ಕ್ಯಾಮೆರಾದ ಹತ್ತಿರ ಬಂದು, ಟೋಪಿ ಸ್ವಲ್ಪ ಮೇಲಕ್ಕೆತ್ತಿ, ಏನೋ ಹೇಳುತ್ತೀರಿ. ಒಟ್ಟು 176 ಫ್ರೇಮು. ಸೆಕೆಂಡಿಗೆ ಹದಿನಾರರಂತೆ ಹನ್ನೊಂದು ಸೆಕೆಂಡು. ಹೇಳಿ ಮುಗಿಸಿದ ಮೇಲೆ ತಮ್ಮ ಮುಖ ಕೆಂಪಾಗುತ್ತದೆ ಎಂದು ಅರ್ಜಿದಾರನ ಅಭಿಪ್ರಾಯ. ಕಪ್ಪು ಬಿಳುಪಿನಲ್ಲಿ ರುಜುವಾತು ಸಾಧ್ಯವಿಲ್ಲ. ಆಮೇಲೆ ಬರಬೇಕಾಗಿದ್ದ ಕಾರ್ಡು ಇಲ್ಲ. ಯಾರೋ ಯಾವಾಗಲೋ ಆ ಭಾಗವನ್ನು ಕತ್ತರಿಸಿ ತುದಿಗಳನ್ನು ಅಂಟಿಸಿದ್ದಾರೆ.

ಐದು ರೀಲುಗಳಲ್ಲಿ ತಾವು ಕ್ಯಾಮೆರಾ ನೋಡಿ ಮಾತಾಡಿದ್ದು ಅದೊಂದೇ ಸಲ. ಅದೇ ಕಾಣೆ.

5. ಸದರಿ ಹನ್ನೊಂದು ಸೆಕೆಂಡುಗಳನ್ನು ಅರ್ಜಿದಾರ ಮೂರು ವಾರ ನೋಡಿದ. ತುಟಿ ಓದುವ ಪುಸ್ತಕ ತರಿಸಿದ. ಕನ್ನಡಿಯ ಮುಂದೆ ತಾನೂ ಹಾಗೆಯೇ ತುಟಿ ಆಡಿಸಿದ. ಆಮೇಲೆ ಸಾಕ್ಷಿಗಳನ್ನು ವಿಚಾರಿಸಲಾಯಿತು. ಫೋನಿನಲ್ಲಿ ನೋಡಿದ ನಾಗವ್ವನವರು ಎರಡನೆಯ ಸಲ ನೋಡುವ ಅಗತ್ಯವಿಲ್ಲವೆಂದರು.

“ಇಂವ ಯಾರಿಗೋ ಬೈಯಾಕತ್ತಾನ. ಹೊಟ್ಟಿ ಹಸದೈತಿ ಪಾಪ, ಮಾರಿ ನೋಡು.”

ಭಂಡಾರದ ಹಿರಿಯ ವಿವರಣಕಾರ್ತಿ ಶ್ರೀಮತಿ ಸೌದಾಮಿನಿಯವರು ಉಡುಪಿಯವರು. ಮಧ್ಯಾಹ್ನದ ಊಟಕ್ಕೆ ಇಬ್ಬರೂ ಟೈರುಗಳ ರಾಶಿಯ ಪಕ್ಕದ ಕಟ್ಟೆಯ ಮೇಲೆ ಕೂರುವುದು ವಾಡಿಕೆ. ಅವರು ಮಾತಾಡುತ್ತಾರೆ, ಅರ್ಜಿದಾರ ಕೇಳುತ್ತಾನೆ. ಇಡೀ ಕಟ್ಟಡದಲ್ಲಿ ಅರ್ಜಿದಾರನ ಸುಮ್ಮನಿರುವಿಕೆಯನ್ನು ಕಾಯಿಲೆ ಎಂದು ತಿಳಿಯದವರು ಅವರೊಬ್ಬರೇ.

“ಎಂತ ಇಷ್ಟು ತಲೆಕೆಡಿಸ್ಕೊಳ್ಳುದು ಮಾರಾಯ? ಅವರು ಚಾ ಕೇಳ್ತಾ ಇದ್ದಾರೆ. ಸಕ್ಕರೆ ಕಡಿಮೆ ಹಾಕು ಅಂತಲೂ ಹೇಳ್ತಿದ್ದಾರೆ, ನೋಡು, ಈ ಮೂರನೇ ಸೆಕೆಂಡಲ್ಲಿ.”

“ಚಾ ಅಲ್ರಿ.”

“ಓ, ಮಾತಾಡಿದಿ! ಎರಡು ಶಬ್ದ! ಇವತ್ತು ತಾರೀಕು ಬರ್ದಿಡ್ಬೇಕು.”

6. ಅರ್ಜಿದಾರನಿಗೆ ಮಾತ್ರ ತಾವು ಹೇಳುತ್ತಿರುವುದು ಏನೆಂಬುದರಲ್ಲಿ ಸಂಶಯ ಉಳಿಯಲಿಲ್ಲ. ಆ ಕಾಲು ಅಗಲಿಸಿ ನಿಂತ ರೀತಿ, ಆ ಬಾಗಿದ ಮೊಣಕಾಲು, ಆ ಕೈ. ಗದಗಿನ ಮೈದಾನದಲ್ಲಿ ಎಡ ಮೂಲೆಯಲ್ಲಿ ನಿಂತವರು ಹೀಗೆಯೇ ನಿಲ್ಲುವುದು. ಆದ್ದರಿಂದ ತಾವು ಹೇಳುತ್ತಿರುವುದೂ ಅದೇ ಇರಬೇಕು. ಭಂಡಾರದ ನಿಯಮದಂತೆ, ಕಳೆದುಹೋದ ಕಾರ್ಡಿನ ಪಠ್ಯಕ್ಕೆ ಆಧಾರ ಬೇಕು. ಆಧಾರವಿಲ್ಲದಿದ್ದರೆ ‘ಇಲ್ಲಿ ಕಾರ್ಡು ಕಾಣೆಯಾಗಿದೆ’ ಎಂದಷ್ಟೇ ಹಾಕಬೇಕು. ಅರ್ಜಿದಾರ ಒಂದು ಶುಕ್ರವಾರ ಸಂಜೆ ನಾಲ್ಕಕ್ಕೆ, ತಾತ್ಕಾಲಿಕವಾಗಿ, ಹೇಗೆ ಕಾಣುತ್ತದೆಂದು ನೋಡುವ ಸಲುವಾಗಿ ಮಾತ್ರ, ಇಂಗ್ಲಿಷಿನಲ್ಲಿ ಹೀಗೆ ಟೈಪು ಮಾಡಿದ:

‘ಸುಮ್ಮನೆ ನಿಲ್ಲಿ. ಮಾತಾಡಬೇಡಿ. ಅವನ ಉಸಿರು ತಾನಾಗಿ ಮುಗಿಯುತ್ತದೆ.’

ಬಹಳ ಚೆನ್ನಾಗಿ ಕಂಡಿತು. ಅದೇ ದೊಡ್ಡ ತಪ್ಪಾಯಿತು.

7. ಪ್ರತಿ ಕಾರ್ಡಿಗೂ ಒಂದು ನಮೂನೆ. ತಯಾರಿಸಿದವರು ಒಂದು ಚೌಕದಲ್ಲಿ, ಪರಿಶೀಲಿಸಿದವರು ಇನ್ನೊಂದರಲ್ಲಿ ಸಹಿ ಹಾಕಬೇಕು. ಸೋಮವಾರ ಬಂದು ಈ ಕಾರ್ಡನ್ನು ಬದಲಿಸುವ ಸದುದ್ದೇಶವಿದ್ದುದರಿಂದ ಅರ್ಜಿದಾರ ತನ್ನ ಚೌಕವನ್ನು ಖಾಲಿ ಬಿಟ್ಟ. ಆದರೆ ನಲವತ್ತಮೂರು ನಮೂನೆಗಳ ಕಟ್ಟನ್ನು ಅಂದೇ ಸೌದಾಮಿನಿಯವರ ಮೇಜಿನ ಮೇಲೆ ಇಟ್ಟದ್ದೂ ಅವನೇ.

“ಎಲ್ಲ ಓದ್ಬೇಕಾ?” ಎಂದು ಅವರು ಕೇಳಿದರು. ಕೋಟು ಹಾಕಿಕೊಂಡು ಆಗಿತ್ತು.

“ಬ್ಯಾಡ್ರಿ. ಅಕ್ಷರ ಸರಿ ಬಂದಾವೇನು ನೋಡ್ರಿ ಸಾಕು. ವಿಷಯ ನಾ ನೋಡೀನಿ.”

ಇದು ಅರ್ಜಿದಾರ ಅವರಿಗೆ ಒಂದೇ ಉಸಿರಿನಲ್ಲಿ ಹೇಳಿದ ಅತಿ ಉದ್ದದ ಮಾತಾಗಿರುತ್ತದೆ. ಅವರು ನಂಬಿದರು. ಅಕ್ಷರ ಸರಿ ಬಂದಿದ್ದವು. ನಲವತ್ತಮೂರೂ ನಮೂನೆಗೆ ಸಹಿ ಬಿತ್ತು. ಸೋಮವಾರ ಅರ್ಜಿದಾರನಿಗೆ ನೆಗಡಿ. ಮಂಗಳವಾರ ಅವನು ಬರುವಷ್ಟರಲ್ಲಿ ರೀಲುಗಳ ಪ್ರತಿಗಳು ಹೈಸ್ಕೂಲಿಗೆ ಹೋಗಿದ್ದವು.

8. ಯಾವ ಮೈದಾನದಲ್ಲಿ ತಾವು ನಿಂತಿದ್ದಿರೋ ಆ ಹೈಸ್ಕೂಲಿಗೆ ಈ ಅಕ್ಟೋಬರಿಗೆ ನೂರು ವರ್ಷ. ಅವರು ತಮ್ಮನ್ನು ಮೊದಲ ತರಬೇತುದಾರರೆಂದು ನಂಬಿದ್ದಾರೆ, ತಮ್ಮ ಹೆಸರು ಮಾತ್ರ ಯಾವ ದಾಖಲೆಯಲ್ಲೂ ಸಿಕ್ಕಿಲ್ಲ. ಹೆಸರಿಲ್ಲದವರ ಒಂದು ಮಾತಾದರೂ ಸಿಕ್ಕಿತಲ್ಲ ಎಂದು ಈಗಿನ ತರಬೇತುದಾರರು ಕಣ್ಣೀರು ಹಾಕಿದರೆಂದು ವರದಿ. ಸದರಿ ಮಾತನ್ನು ಹಳದಿ ಅಕ್ಷರದಲ್ಲಿ ಟೀ ಶರ್ಟುಗಳ ಮೇಲೆ ಅಚ್ಚು ಹಾಕಿಸಿದರು. ಶತಮಾನೋತ್ಸವದ ಪಂದ್ಯದ ಮೊದಲ ಆಟವನ್ನು ತಮ್ಮ ಗೌರವಾರ್ಥ ತಮ್ಮ ಪದ್ಧತಿಯಲ್ಲೇ ಆಡುವುದೆಂದು ತೀರ್ಮಾನವಾಯಿತು.

ಅರ್ಜಿದಾರನಿಗೆ ಇದು ತಿಳಿದಿರಲಿಲ್ಲ. ಭಂಡಾರದವರಿಗೆ ಕೊಟ್ಟ ಉಚಿತ ಟಿಕೆಟಿನಲ್ಲಿ ಅವನು ದೊಡ್ಡವ್ವನನ್ನೂ ಕರೆದುಕೊಂಡು ಹೋಗಿ, ಮೇಲಿನ ಸಾಲಿನಲ್ಲಿ ಕುಳಿತಿದ್ದ.

9. ಪಂದ್ಯದ ವಿವರ. ಈ ತಿಂಗಳ ಮೊದಲ ಶನಿವಾರ ಮಧ್ಯಾಹ್ನ, ಬಿಸಿಲು, ಕೊಲ್ಲಿಯ ಕಡೆಯಿಂದ ಗಾಳಿ. ನಾಗವ್ವನವರು ಇಳಕಲ್ ಸೀರೆಯ ಮೇಲೆ ಸ್ವೆಟರು, ಕಾಲಿಗೆ ಓಡುವ ಬೂಟು. ಎದುರಾಳಿ ತಂಡದವನು ಚೆಂಡು ಎತ್ತಿಕೊಂಡ. ನಮ್ಮ ಹನ್ನೊಂದು ಮಂದಿಯೂ ಕಾಲು ಅಗಲಿಸಿ, ತಲೆ ತಗ್ಗಿಸಿ, ಅವನ ಸೊಂಟವನ್ನೇ ನೋಡುತ್ತ ಸುಮ್ಮನೆ ನಿಂತುಬಿಟ್ಟರು.

ಸೂಚನೆ ಹೇಳುವವನು ಮೈಕಿನಲ್ಲಿ ಅರ್ಧಕ್ಕೆ ನಿಂತ. ಕಾಗದ ಮಗುಚುವ ಸದ್ದು ಕೇಳಿಸಿತು. ಕಾರ್ಯಕ್ರಮ ಪಟ್ಟಿಯಲ್ಲಿ ಯಾವುದೋ ಮೌನಾಚರಣೆ ಬಿಟ್ಟುಬಿಟ್ಟೆನೆಂದು ಹೆದರಿ, ದನಿ ತಗ್ಗಿಸಿ, “ಎಲ್ಲರೂ ದಯವಿಟ್ಟು ಎದ್ದು ನಿಲ್ಲಬೇಕು” ಎಂದ. ಎರಡು ಸಾವಿರ ಜನ ಎದ್ದರು. ಟೋಪಿಗಳು ಕೆಳಗಿಳಿದವು. ವಾದ್ಯದವರಲ್ಲಿ ಒಬ್ಬ ಕಹಳೆಯನ್ನು ಎದೆಗೊತ್ತಿಕೊಂಡ.

“ಏ ತಮ್ಮಾ, ಯಾರರ ತೀರಿಕೊಂಡಾರೇನು?”

“ಇಲ್ಲ ದೊಡ್ಡವ್ವಾ.”

“ಮತ್ತ ಹುಡುಗೂರು ಯಾಕ ಹಂಗ ನಿಂತಾವು? ಅಯ್ಯ, ಆ ಚೆಂಡು ಹಿಡಕೊಂಡಾಂವ ನಡುವ ಹಾದು ಹೊಂಟಾನಲ್ಲೋ!”

ಚೆಂಡು ಹಿಡಿದವನು ಮೊದಲು ಓಡಿದ. ಯಾರೂ ಅಡ್ಡ ಬಾರದ್ದನ್ನು ಕಂಡು ಸಂಶಯ ಬಂದು ನಡೆದ. ಜನ ಟೋಪಿ ತೆಗೆದದ್ದನ್ನು ಕಂಡು ತಾನೂ ಒಂದು ಕ್ಷಣ ತಲೆ ಬಾಗಿಸಿದ. ಆಮೇಲೆ ಶಿಸ್ತಿನಿಂದ ನಡೆಯುತ್ತ ಕೊನೆಯ ಗೆರೆ ದಾಟಿ ಚೆಂಡನ್ನು ಮೆತ್ತಗೆ ಕೆಳಗಿಟ್ಟ. ಅವನ ಉಸಿರು ಮುಗಿದಿರಲಿಲ್ಲ. ಅವನು ಉಸಿರು ಹಿಡಿದೇ ಇರಲಿಲ್ಲ.

ಇಡೀ ಮೈದಾನದ ಮೌನದಲ್ಲಿ ಒಂದೇ ಒಂದು ದನಿ ಎದ್ದಿತು. ನಾಗವ್ವನವರು ಬೆಂಚಿನ ಮೇಲೆ ಹತ್ತಿ ನಿಂತಿದ್ದರು.

“ಕಾಲ ಹಿಡೀರ್ಲೇ! ಕಾಲ! ಏನು ಹುತುತೂ ಅಂದ್ಕೊಂಡೀರೇನು, ಉಸಿರು ಬಿಡೂತನಕಾ ಕಾಯಾಕ?”

ಕಬಡ್ಡಿಗೆ ನಮ್ಮ ಕಡೆ ಹುತುತು ಎನ್ನುತ್ತಾರೆ. ಅರ್ಜಿದಾರನಿಗೆ ತಾನು ಮಾಡಿದ್ದು ಏನೆಂಬುದು ಪೂರ್ತಿಯಾಗಿ ತಿಳಿದದ್ದು ಆ ಕ್ಷಣದಲ್ಲಿ. ಮೂರು ವಾರ ತುಟಿ ನೋಡಿ ಕಾಣದ್ದು ದೊಡ್ಡವ್ವನಿಗೆ ಅರ್ಧ ನಿಮಿಷದಲ್ಲಿ ಕಂಡಿತ್ತು.

“ಇದನ್ನ ಅವರಿಗೆ ಕಲಿಸಿದಾಂವ ಯಾರ?” ಎಂದು ಕೂತ ಮೇಲೆ ಕೇಳಿದರು.

“ಗೊತ್ತಿಲ್ಲ ದೊಡ್ಡವ್ವಾ.”

ಪಂದ್ಯವನ್ನು ನಮ್ಮವರು ಏಳು ಅಂಕಗಳಿಂದ ಸೋತರು. ಆ ಮೊದಲ ಓಟಕ್ಕೆ ಆರು, ಅದರ ಬೆನ್ನಿಗೇ ಬಂದ ಒದೆತಕ್ಕೆ ಒಂದು, ಸೇರಿ ಸರಿಯಾಗಿ ಏಳು.

10. ಹೈಸ್ಕೂಲಿನವರ ಪತ್ರ ಸಿಟ್ಟಿನದಾಗಿದ್ದರೆ ಅರ್ಜಿದಾರ ತಡೆದುಕೊಳ್ಳುತ್ತಿದ್ದ. ಅದು ಬಹಳ ವಿನಯದಿಂದ ಕೂಡಿತ್ತು. ಈ ಮಾತಿನ ಆಳ ತಮಗೆ ಇನ್ನೂ ಅರ್ಥವಾಗಿಲ್ಲವೆಂದೂ, ಮೂಲ ದಾಖಲೆ ಕಳುಹಿಸಿದರೆ ಮುಂದಿನ ವರ್ಷ ಇನ್ನಷ್ಟು ಸರಿಯಾಗಿ ಆಡುವೆವೆಂದೂ ಬರೆದಿದ್ದರು.

ಮೂಲ ದಾಖಲೆ ಹುಡುಕಲು ಹೋದಾಗ ನಮೂನೆ ಹೊರಬಿತ್ತು.

11. ಆದ್ದರಿಂದ ಮೊನ್ನೆ ಸೋಮವಾರ ಬೆಳಗ್ಗೆ ಸಭೆ. ಭಂಡಾರದ ಮುಖ್ಯಸ್ಥೆ ಡೊಲೊರೆಸ್ ಅವರು ಒಳ್ಳೆಯವರು. ಕಳೆದ ಇಪ್ಪತ್ತು ವರ್ಷಗಳಿಂದ ಬೇರೆಯವರು ಎಸೆದ ಫಿಲ್ಮುಗಳನ್ನು ಗ್ಯಾರೇಜುಗಳಿಂದ ಎತ್ತಿ ತಂದು ಕಾಪಾಡಿದವರು. ಇಂಗ್ಲಿಷಿನಲ್ಲಿ ನಡೆದದ್ದನ್ನು ಅರ್ಜಿದಾರ ಇಲ್ಲಿ ಕನ್ನಡಕ್ಕೆ ತಂದಿರುತ್ತಾನೆ.

“ನಾವು ಫಿಲ್ಮು ಸುಟ್ಟಿದ್ದರೂ ನನಗೆ ಇಷ್ಟು ಬೇಜಾರಾಗುತ್ತಿರಲಿಲ್ಲ,” ಎಂದರು. “ಸತ್ತವರ ಬಾಯಲ್ಲಿ ಮಾತು ಇಟ್ಟಿದ್ದೇವೆ. ಇದನ್ನು ಬರೆದವರು ಯಾರು?”

ಮೇಜಿನ ಸುತ್ತ ಮೂರೇ ಜನ. ಡೊಲೊರೆಸ್ ಅವರ ಕೈಕೆಳಗೆ ಒಂದು ಹಳದಿ ಫೋಲ್ಡರು ಇತ್ತು. ಅದರಲ್ಲಿ ಅರ್ಜಿದಾರನ ವೀಸಾ ಕಾಗದಗಳಿದ್ದವು. ಅವುಗಳಿಗೆ ಅವರು ಅದೇ ದಿನ ಸಹಿ ಹಾಕಬೇಕಿತ್ತು. ಸಹಿ ಬೀಳದಿದ್ದರೆ ಡಿಸೆಂಬರಿನಲ್ಲಿ ಅರ್ಜಿದಾರ ಈ ದೇಶದಲ್ಲಿ ಇರುವಂತಿಲ್ಲ. ಇದನ್ನು ನೆಪವೆಂದು ತಾವು ಭಾವಿಸಬಾರದು. ಭಾವಿಸಿದರೆ ಅರ್ಜಿದಾರನ ತಕರಾರೂ ಇಲ್ಲ.

ಸೌದಾಮಿನಿಯವರು ಅರ್ಜಿದಾರನ ಮುಖ ನೋಡಿದರು. ಅರ್ಜಿದಾರ ಅವರ ಸೊಂಟದಲ್ಲಿ ತೂಗುತ್ತಿದ್ದ ಗುರುತಿನ ಚೀಟಿಯನ್ನು ನೋಡಿದ.

ಫಿಲ್ಮಿನ ಕೆಲಸ ಮಾಡುವವರಿಗೆ ಕಾಲವನ್ನು ಎಣಿಸುವ ಚಟ ಇರುತ್ತದೆ. ಒಂದು, ಎರಡು, ಮೂರು. ಟೈರ್ ಅಂಗಡಿಯಲ್ಲಿ ಗಾಳಿ ತುಂಬುವ ಯಂತ್ರ ಸದ್ದು ಮಾಡಿ ನಿಂತಿತು. ಆರು, ಏಳು. ಅರ್ಜಿದಾರನ ಬಾಯಿ ಒಮ್ಮೆ ತೆರೆಯಿತು ಎಂದು ಅವನ ನೆನಪು. ಕ್ಯಾಮೆರಾ ಇದ್ದಿದ್ದರೆ ಎಂಟನೆಯ ಸೆಕೆಂಡಿನಲ್ಲಿ ತುಟಿ ಚಲನೆ ದಾಖಲಾಗುತ್ತಿತ್ತು. ಒಂಬತ್ತು. ಹತ್ತು. ಹನ್ನೊಂದು.

“ಅಲ್ಲಿರುವುದು ನನ್ನ ಸಹಿ,” ಎಂದರು ಸೌದಾಮಿನಿಯವರು. “ಆದ್ದರಿಂದ ನಾನೇ.”

12. ಶುಕ್ರವಾರ ಅವರ ಕೊನೆಯ ದಿನ. ಅವರು ಇಲ್ಲಿರುವುದೂ ಕೆಲಸದ ವೀಸಾದಲ್ಲೇ. ಕೆಲಸ ಹೋದ ದಿನದಿಂದ ಅರವತ್ತು ದಿನದೊಳಗೆ ಇನ್ನೊಂದು ಹುಡುಕಿಕೊಳ್ಳಬೇಕು, ಇಲ್ಲವೇ ಹೊರಡಬೇಕು. ಮೂಕಿ ಚಿತ್ರಗಳ ಕಾರ್ಡಿನ ಅಕ್ಷರ ಸರಿ ಬಂದಿವೆಯೇ ಎಂದು ನೋಡುವವರನ್ನು ಅರವತ್ತು ದಿನದಲ್ಲಿ ಯಾರು ತೆಗೆದುಕೊಳ್ಳುತ್ತಾರೆ ಎಂಬುದು ತಮಗೆ ತಿಳಿದಿದ್ದರೆ ದಯವಿಟ್ಟು ತಿಳಿಸುವುದು.

ಹಳದಿ ಫೋಲ್ಡರಿಗೆ ಅಂದು ಮಧ್ಯಾಹ್ನ ಎರಡಕ್ಕೆ ಸಹಿ ಬಿತ್ತು.

13. ಸೋಮವಾರ ಸಂಜೆ ಇಬ್ಬರೂ ಎಂದಿನಂತೆ ಯೂನಿಯನ್ ಸಿಟಿಯಲ್ಲಿ ಬಾರ್ಟ್ ರೈಲು ಹತ್ತಿದರು. ಅವರು ಇಳಿಯುವುದು ಮಿಲ್ಪಿಟಾಸ್, ಅರ್ಜಿದಾರ ಅದರ ಮುಂದಿನ ಬೆರ್ರಿಯೆಸಾ. ಫ್ರೀಮಾಂಟ್ ದಾಟುವವರೆಗೆ ಯಾರೂ ಮಾತಾಡಲಿಲ್ಲ. ಅರ್ಜಿದಾರನಿಗೆ ಇದು ಹೊಸದಲ್ಲ. ಆದರೆ ಅವರೂ ಸುಮ್ಮನಿದ್ದಾಗ ಅದು ಬೇರೆಯೇ ಜಾತಿಯ ಮೌನವಾಗಿತ್ತು; ಅದರೊಳಗೆ ಕೂರಲು ಜಾಗವಿರಲಿಲ್ಲ.

“ನೀನು ಕಬಡ್ಡಿಯಲ್ಲಿ ಎಡ ಮೂಲೆ ಅಂತ ಹೇಳಿದ್ದಿಯಲ್ಲ?” ಎಂದರು ಆಮೇಲೆ.

“ಹೌದ್ರಿ.”

“ಅದ್ರಲ್ಲಿ ಮಾತಾಡ್ತಾ ಬಂದವ ನಿಲ್ಸಿದ್ರೆ ಔಟು. ಸುಮ್ಮನೆ ನಿಂತವನಿಗೆ ಎಂತದೂ ಆಗುದಿಲ್ಲ. ಅಲ್ವಾ?”

“ಹೌದ್ರಿ.”

“ನಾವು ಶಾಲೆಯಲ್ಲಿ ಆಡಿದ್ದೇವೆ ಮಾರಾಯ. ಉಡುಪಿಯಲ್ಲೂ ಉಸಿರು ಉಂಟು.” ಕಿಟಕಿಯ ಕಡೆ ನೋಡಿ ಸ್ವಲ್ಪ ನಕ್ಕರು. “ಕಾರ್ಡು ನಾನು ಓದಿದ್ದು ಪಂದ್ಯ ಆದ ಮೇಲೆ. ಓದಿದ ಕೂಡ್ಲೇ ಗೊತ್ತಾಯ್ತು. ಚೆಂದ ಬರ್ದಿದ್ದಾರೆ, ಯಾರು ಬರ್ದದ್ದೋ.”

ಅರ್ಜಿದಾರ ತನ್ನ ಬೂಟು ನೋಡಿದ.

ವಾರ್ಮ್ ಸ್ಪ್ರಿಂಗ್ಸ್ ಬಂತು, ಬಾಗಿಲು ತೆರೆಯಿತು, ಒಬ್ಬ ಸೈಕಲ್ ತಳ್ಳಿಕೊಂಡು ಇಳಿದ, ಬಾಗಿಲು ಮುಚ್ಚಿತು.

“ನಿಂಗೆ ಎಂತಾದ್ರೂ ಹೇಳ್ಲಿಕ್ಕುಂಟಾ?” ಎಂದು ಅವರು ಕೇಳಿದರು. ಉಲ್ಲೇಖ ನಾಲ್ಕರಲ್ಲಿ ಹೇಳಿರುವ ಪ್ರಶ್ನೆ ಇದೇ. ಕೇಳಿ, ಅವರು ಕಾದರು. ಸಿಟ್ಟು ಇರಲಿಲ್ಲ. ಊಟದ ಕಟ್ಟೆಯ ಮೇಲೆ ಅರ್ಜಿದಾರನ ಒಂದು ಮಾತಿಗೆ ಎಷ್ಟೋ ಮಧ್ಯಾಹ್ನ ಕಾದಂತೆಯೇ ಕಾದರು.

ರೈಲು ಸೇತುವೆಯಂಥ ಎತ್ತರದಿಂದ ನಿಧಾನವಾಗಿ ಸ್ಟೇಷನ್ನಿನೊಳಕ್ಕೆ ಬಂತು. ಅರ್ಜಿದಾರ ಉತ್ತರ ಕೊಟ್ಟ.

“ಮಿಲ್ಪಿಟಾಸ್ ಬಂತ್ರಿ,” ಎಂದ.

ಅವರು ಚೀಲ ಹೆಗಲಿಗೆ ಹಾಕಿಕೊಂಡು ಎದ್ದರು. “ಹೌದು,” ಎಂದರು. “ಬಂತು.”

14. ಮನೆಯಲ್ಲಿ ನಾಗವ್ವನವರು ಅಂಗಿಯನ್ನು ಮೂಸಿ ನೋಡಿ, “ಇವತ್ತ ವಾಸನಿ ಭಾಳ ಐತಿ” ಎಂದರು. ಇದು ಅರ್ಜಿಗೆ ಸಂಬಂಧಪಟ್ಟದ್ದಲ್ಲ. ಆದರೂ ತಮ್ಮ ಗಮನಕ್ಕೆ ತರಲಾಗಿದೆ.

15. ಮಂಗಳವಾರ ಅರ್ಜಿದಾರ ಮುಖ್ಯಸ್ಥೆಯವರ ಬಾಗಿಲ ಮುಂದೆ ನಾಲ್ಕು ಸಲ ಹೋಗಿ ಬಂದಿರುತ್ತಾನೆ. ಮೊದಲನೆಯ ಸಲ ಅವರು ಫೋನಿನಲ್ಲಿದ್ದರು. ಎರಡನೆಯ ಸಲ ಅವರು ಫೋನಿನಲ್ಲಿರಲಿಲ್ಲ. ಮೂರನೆಯ ಸಲ, “ಏನಾದರೂ ಬೇಕಿತ್ತೇ ಅನಿಕೇತ?” ಎಂದು ಕೇಳಿದರು. ಅರ್ಜಿದಾರ ಸ್ಟೇಪ್ಲರ್ ಕೇಳಿ ತೆಗೆದುಕೊಂಡು ಬಂದ. ನಾಲ್ಕನೆಯ ಸಲ ಹೋದದ್ದು ಸ್ಟೇಪ್ಲರ್ ವಾಪಸ್ ಕೊಡಲು.

ಮೇಜಿಗೆ ಮರಳಿ ಬಂದು ತಮ್ಮ ಹನ್ನೊಂದು ಸೆಕೆಂಡುಗಳನ್ನು ಮತ್ತೆ ಹಾಕಿ ನೋಡಿದ. ಆಗ ಅವನಿಗೆ ಒಂದು ಅನುಮಾನ ಬಂತು. ತಾವು ಕಲಿಸುತ್ತಿರಲಿಲ್ಲ. ಟೋಪಿ ಮೇಲಕ್ಕೆತ್ತಿದ ರೀತಿ ಕಲಿಸುವವರದಲ್ಲ. ಹುಡುಗರನ್ನು ಹಿಂದೆ ಕಳುಹಿಸಿದ್ದು, ಒಂದು ಹೆಜ್ಜೆ ಮುಂದೆ ಬಂದದ್ದು, ಹೇಳಿ ಮುಗಿಸಿ ಮುಖ ಕೆಂಪಾದದ್ದು: ತಾವು ಯಾವುದೋ ತಪ್ಪನ್ನು ಒಪ್ಪಿಕೊಳ್ಳುತ್ತಿದ್ದಿರಿ. ಯಾರ ಕಾಲು ಮುರಿದಿತ್ತೋ, ಯಾವ ಆಟಗಾರನ ಮೇಲೆ ತಪ್ಪು ಹೊರಿಸಿದ್ದಿರೋ, ಅರ್ಜಿದಾರನಿಗೆ ತಿಳಿಯದು. ಆ ಕಾರ್ಡು ಕತ್ತರಿಸಿದವರು ಯಾಕೆ ಕತ್ತರಿಸಿದರೋ ಅದೂ ತಿಳಿಯದು. ಇದಕ್ಕೂ ಆಧಾರವಿಲ್ಲ. ಮೊದಲ ಸಲ ಅದೇ ತುಟಿಗಳಲ್ಲಿ ಕಬಡ್ಡಿ ಕಂಡವನಿಗೆ ಈ ಸಲ ತಪ್ಪೊಪ್ಪಿಗೆ ಕಾಣುವುದು ಸಹಜ ಎಂಬ ಆಕ್ಷೇಪಣೆಯನ್ನು ಅರ್ಜಿದಾರ ಮುಂಚಿತವಾಗಿಯೇ ಒಪ್ಪಿಕೊಳ್ಳುತ್ತಾನೆ. ಆದರೆ ತಾವು ಏನೇ ಹೇಳಿರಲಿ, ಬಾಯಿ ಬಿಟ್ಟು ಹೇಳಿದ್ದೀರಿ. ಕೇಳಿಸದೆ ಹೋದದ್ದು ತಮ್ಮ ತಪ್ಪಲ್ಲ.

ಆದ್ದರಿಂದ, ಮೇಲೆ ವಿವರಿಸಿದ ಕಾರಣಗಳಿಂದಾಗಿ, ಹಾಗೂ ಆ ಕಾರಣಗಳ ಹಿಂದಿನ ಕಾರಣಗಳಿಂದಾಗಿ, ತಮ್ಮಲ್ಲಿ ಕೋರಿಕೆ ಏನೆಂದರೆ:

ಅ) ಸದರಿ ಕಾರ್ಡಿನ ಮಾತನ್ನು ತಾವೇ ಆಡಿದ್ದೆಂದು 1931ರಿಂದಲೇ ಜಾರಿಗೆ ಬರುವಂತೆ ಘಟನೋತ್ತರ ಅನುಮೋದನೆ ನೀಡುವುದು.

ಆ) ಅದು ಸಾಧ್ಯವಾಗದಿದ್ದಲ್ಲಿ, ತಾವು ನಿಜವಾಗಿ ಆಡಿದ ಮಾತು ಏನೆಂಬುದನ್ನು ತಿಳಿಸುವುದು. ಚಹಾ ಕೇಳಿದ್ದೇ ಆಗಿದ್ದರೂ ಅಡ್ಡಿಯಿಲ್ಲ. ಶ್ರೀಮತಿ ಸೌದಾಮಿನಿಯವರಿಗೆ ಒಂದು ಗೆಲುವಾದರೂ ಸಿಗುತ್ತದೆ.

ಇ) ಅದೂ ಸಾಧ್ಯವಾಗದಿದ್ದಲ್ಲಿ, ಬರುವ ಶುಕ್ರವಾರ ಸಂಜೆ ಐದರೊಳಗೆ ಭಂಡಾರದ ಸಭಾಕೊಠಡಿಗೆ ಖುದ್ದಾಗಿ ಬಂದು, ಕಾರ್ಡು ಬರೆದವರು ತಾವೇ ಎಂದು ಮುಖ್ಯಸ್ಥೆಯವರಿಗೆ ಹೇಳುವುದು. ತಾವು ತೀರಿಕೊಂಡು ಬಹಳ ವರ್ಷಗಳಾಗಿರುವುದರಿಂದ ತಮಗೆ ವೀಸಾದ ತೊಂದರೆ ಉದ್ಭವಿಸುವುದಿಲ್ಲ.

ತಮ್ಮ ತುಟಿಗಳ ಮೇಲೆ ಈಗಲೂ ಭರವಸೆ ಇಟ್ಟಿರುವ,

ಸಹಿ: (ಪೆನ್ನು ಹುಡುಕಲಾಗುತ್ತಿದೆ)

ಸ್ಥಳ: ಯೂನಿಯನ್ ಸಿಟಿ
ದಿನಾಂಕ: ಅಕ್ಟೋಬರ್, ನಾಲ್ಕನೆಯ ಬುಧವಾರ

ಲಗತ್ತುಗಳು:
1. ಪರಿಶೀಲನಾ ನಮೂನೆಯ ನಕಲು. ಖಾಲಿ ಚೌಕವನ್ನು ಕೆಂಪು ಶಾಯಿಯಲ್ಲಿ ಗುರುತಿಸಿದೆ.
2. ಟೀ ಶರ್ಟು, ಹಳದಿ ಅಕ್ಷರ, ಮಧ್ಯಮ ಅಳತೆ, ಒಂದು.
3. ತಾಲ್ಲೂಕು ಮಟ್ಟದ ಕಬಡ್ಡಿ ಪ್ರಮಾಣಪತ್ರ (ಮೂಲ ಪ್ರತಿ, ವಾಪಸ್ ಬೇಕಿಲ್ಲ).

ಪ್ರತಿಗಳು:
1. ಮುಖ್ಯಸ್ಥೆ ಡೊಲೊರೆಸ್ ಅವರ ಮಾಹಿತಿಗಾಗಿ. (ಕೊಟ್ಟಿಲ್ಲ.)
2. ಶ್ರೀಮತಿ ಸೌದಾಮಿನಿಯವರಿಗೆ. (ಕೊಟ್ಟಿಲ್ಲ.)

ವಿ.ಸೂ.: 1. ಈ ಅರ್ಜಿಯನ್ನು ನಾಲ್ಕನೆಯ ರೀಲಿನ ಡಬ್ಬಿಯೊಳಗೆ ಇಡಲಾಗುವುದು. ನಿಯಮದಂತೆ ಆ ಡಬ್ಬಿಯನ್ನು ಮತ್ತೆ ತೆರೆಯುವುದು ಐದು ವರ್ಷಗಳ ನಂತರ. ಶುಕ್ರವಾರಕ್ಕೆ ಇನ್ನು ಎರಡು ದಿನಗಳಿವೆ.

2. ಸೋಮವಾರದ ಸಭೆಯಲ್ಲಿ, ಆ ಹನ್ನೊಂದು ಸೆಕೆಂಡುಗಳಲ್ಲಿ, ‘ಆ ಕಾರ್ಡು ಬರೆದವನು ನಾನು’ ಎಂದು ಅನಿಕೇತ ಹೇಳಲಿಲ್ಲ.